ಒಂದೇ ಕಣ್ಣು, ಹಲವು ಬೆಳಕು

ಮಂಜನ್ನೇ ಕಾಣದ ಜಮೈಕಾ ದ್ವೀಪದ ನಾಲ್ವರು ಯುವಕರು ಬಾಬ್‌ಸ್ಲೆಡ್ ಎಂಬ ಜಾರುಬಂಡಿಯ ಸ್ಪರ್ಧೆಗೆಂದು ಚಳಿಗಾಲದ ಒಲಿಂಪಿಕ್ಸ್‌ಗೆ ಹೊರಡುವ ಕಥೆ ‘ಕೂಲ್ ರನ್ನಿಂಗ್ಸ್’. 1993ರಲ್ಲಿ ತೆರೆಗೆ ಬಂದ ಈ ನಗೆಚಿತ್ರವನ್ನು ಮಕ್ಕಳೂ ದೊಡ್ಡವರೂ ಒಟ್ಟಿಗೆ ಕುಳಿತು ನೋಡಿದರು. ಇಪ್ಪತ್ತು ವರ್ಷಗಳ ಅನಂತರ ಬಂದ ‘ನೆಬ್ರಾಸ್ಕಾ’ ಇದಕ್ಕೆ ತೀರ ವಿರುದ್ಧವಾದ ಚಿತ್ರ. ತನಗೆ ಹತ್ತು ಲಕ್ಷ ಡಾಲರ್ ಬಹುಮಾನ ಬಂದಿದೆ ಎಂದು ನಂಬಿ ಊರೂರು ದಾಟಿ ಹೊರಡುವ ಮುದುಕನೊಬ್ಬನ ಕಥೆ ಅದು, ಪೂರ್ತಿ ಕಪ್ಪು-ಬಿಳುಪು. ಮತ್ತೆ ಆರು ವರ್ಷ ಕಳೆದು, 2019ರಲ್ಲಿ, ಮೋಟಾರು ಪಂದ್ಯದ ರೋಚಕ ಚಿತ್ರ ‘ಫೋರ್ಡ್ ವರ್ಸಸ್ ಫೆರಾರಿ’ ಬಂತು.

ನಗೆ, ಮೌನ, ವೇಗ. ಒಂದಕ್ಕೊಂದು ನೆಂಟಸ್ತನವೇ ಇಲ್ಲದ ಈ ಮೂರು ಚಿತ್ರಗಳಿಗೆ ಛಾಯಾಗ್ರಾಹಕರು ಒಬ್ಬರೇ. ಅವರ ಹೆಸರು ಫೀಡನ್ ಪಾಪಾಮೈಕಲ್. 1962ರಲ್ಲಿ ಗ್ರೀಸ್ ದೇಶದ ಅಥೆನ್ಸ್‌ನಲ್ಲಿ ಹುಟ್ಟಿ, ಜರ್ಮನಿಯಲ್ಲಿ ಬೆಳೆದು, ಅಮೆರಿಕದಲ್ಲಿ ಕಸುಬು ಕಲಿತವರು. ನಲವತ್ತಕ್ಕೂ ಹೆಚ್ಚು ಕಥಾಚಿತ್ರಗಳಿಗೆ ಬೆಳಕು ಹಿಡಿದವರು.

ನಟ ನಟಿಯರ ಹೆಸರು ಎಲ್ಲರ ಬಾಯಲ್ಲೂ ಇರುತ್ತದೆ. ನಿರ್ದೇಶಕರ ಹೆಸರು ಕೆಲವರಿಗಾದರೂ ಗೊತ್ತಿರುತ್ತದೆ. ಛಾಯಾಗ್ರಾಹಕರ ಹೆಸರನ್ನು ಗಮನಿಸುವವರು ಕಡಿಮೆ. ಹೀಗಿದ್ದೂ ಪಾಪಾಮೈಕಲ್ ಅವರ ವೃತ್ತಿಜೀವನವನ್ನು ವಿದ್ಯಾರ್ಥಿಗಳೂ ಅವರ ತಂದೆ ತಾಯಂದಿರೂ ಸ್ವಲ್ಪ ವಿವರವಾಗಿ ನೋಡುವುದು ಒಳ್ಳೆಯದು. ಏಕೆಂದರೆ ಮನೆಮನೆಯಲ್ಲೂ ಏಳುವ ಒಂದು ಪ್ರಶ್ನೆಗೆ ಅದರಲ್ಲಿ ಉತ್ತರವಿದೆ. ಹಲವು ಬಗೆಯ ಕೆಲಸಕ್ಕೆ ಕೈಹಾಕುವವನು ಯಾವುದರಲ್ಲೂ ಗಟ್ಟಿಯಾಗುವುದಿಲ್ಲವೇ?

ಕೆಲಸವೇನು?

ಮೊದಲು ಛಾಯಾಗ್ರಾಹಕರ ಕೆಲಸ ಏನೆಂದು ತಿಳಿಯೋಣ. ಕ್ಯಾಮೆರಾದ ಹಿಂದೆ ನಿಂತು ಗುಂಡಿ ಒತ್ತುವುದು ಎಂಬ ಕಲ್ಪನೆ ಹಲವರಲ್ಲಿದೆ. ದೊಡ್ಡ ಚಿತ್ರಗಳಲ್ಲಿ ಕ್ಯಾಮೆರಾ ನಡೆಸಲು ಬೇರೆಯೇ ಒಬ್ಬ ಆಪರೇಟರ್ ಇರುವುದುಂಟು. ನಟನ ಮುಖಕ್ಕೂ ಲೆನ್ಸಿಗೂ ನಡುವಣ ದೂರವನ್ನು ಕ್ಷಣಕ್ಷಣಕ್ಕೂ ಅಂದಾಜು ಮಾಡಿ ಚಿತ್ರ ಮಸುಕಾಗದಂತೆ ನೋಡಿಕೊಳ್ಳುವ ಫೋಕಸ್ ಪುಲ್ಲರ್ ಒಬ್ಬರು. ದೀಪಗಳ ತಂಡಕ್ಕೊಬ್ಬ ಮುಖ್ಯಸ್ಥ. ಹಳಿ, ಕ್ರೇನು, ಪರದೆಗಳ ತಂಡಕ್ಕೆ ಮತ್ತೊಬ್ಬ. ಇವರೆಲ್ಲರಿಗೂ ಮುಂದಾಳು ಛಾಯಾಗ್ರಹಣದ ನಿರ್ದೇಶಕ. ನಿರ್ದೇಶಕನ ಮನಸ್ಸಿನಲ್ಲಿರುವ ಕಥೆ ತೆರೆಯ ಮೇಲೆ ಯಾವ ಬೆಳಕಿನಲ್ಲಿ, ಯಾವ ಕೋನದಿಂದ, ಎಷ್ಟು ಹತ್ತಿರದಿಂದ ಕಾಣಬೇಕು ಎಂದು ತೀರ್ಮಾನಿಸುವವರು ಅವರೇ.

ಒಂದು ಸರಳ ಉದಾಹರಣೆ ನೋಡಬಹುದು. ರಾತ್ರಿಯ ಮಳೆಯನ್ನು ಚಿತ್ರೀಕರಿಸಬೇಕು. ದೀಪವನ್ನು ಮುಂದಿನಿಂದ ಹಿಡಿದರೆ ಮಳೆಯ ಹನಿಗಳು ಹೆಚ್ಚುಕಡಿಮೆ ಕಾಣುವುದೇ ಇಲ್ಲ. ಹಿಂದಿನಿಂದ ಹಿಡಿದರೆ ಒಂದೊಂದು ಹನಿಯೂ ಬೆಳ್ಳಿಯ ಎಳೆಯಂತೆ ಹೊಳೆಯುತ್ತದೆ. ಮಳೆ ಅದೇ, ದೀಪ ಅದೇ, ಬದಲಾದದ್ದು ದೀಪವಿಟ್ಟ ಜಾಗ ಮಾತ್ರ. ಇಂಥ ನೂರಾರು ತೀರ್ಮಾನಗಳನ್ನು ಗಡಿಯಾರ ನೋಡುತ್ತ, ಹಣದ ಲೆಕ್ಕ ಇಡುತ್ತ, ದಿನವೂ ಕೈಗೊಳ್ಳಬೇಕು. ಭೌತಶಾಸ್ತ್ರ, ಚಿತ್ರಕಲೆ, ಜನರನ್ನು ನಡೆಸಿಕೊಂಡು ಹೋಗುವ ಜಾಣ್ಮೆ, ಮೂರೂ ಕೂಡಿದ ಉದ್ಯೋಗ ಇದು.

ಮೂರು ದೇಶಗಳ ಪಾಠ

ಪಾಪಾಮೈಕಲ್ ಅವರ ತಂದೆಯ ಹೆಸರೂ ಫೀಡನ್ ಪಾಪಾಮೈಕಲ್ ಎಂದೇ. ಅವರು ಚಲನಚಿತ್ರಗಳ ಕಲಾ ನಿರ್ದೇಶಕರು. ಗ್ರೀಕ್ ಮೂಲದ ಅಮೆರಿಕನ್ ನಿರ್ದೇಶಕ ಜಾನ್ ಕಸಾವೆಟಿಸ್ ಅವರಿಗೆ ಬಂಧು. ಅವರ ‘ಫೇಸಸ್’ (1968) ಮೊದಲಾದ ಚಿತ್ರಗಳಿಗೆ ದುಡಿದವರು. ದೊಡ್ಡ ಸ್ಟುಡಿಯೋಗಳ ಹಂಗಿಲ್ಲದೆ, ಸ್ವಂತ ಹಣ ಹಾಕಿ, ಗೆಳೆಯರನ್ನೂ ಮನೆಯವರನ್ನೂ ಕೂಡಿಸಿಕೊಂಡು ಚಿತ್ರ ತೆಗೆಯುತ್ತಿದ್ದವರು ಕಸಾವೆಟಿಸ್. ಹಾಗಾಗಿ ಸಿನಿಮಾ ಎಂದರೆ ಕೈಯಿಂದ ಮಾಡುವ ಕೆಲಸ ಎಂಬ ತಿಳಿವಳಿಕೆ ಈ ಹುಡುಗನಿಗೆ ಮನೆಯಲ್ಲೇ ದೊರೆಯಿತು.

ಆದರೆ ಅವರು ಮೊದಲು ಹಿಡಿದದ್ದು ಸಿನಿಮಾದ ದಾರಿಯನ್ನಲ್ಲ. ಜರ್ಮನಿಯ ಮ್ಯೂನಿಕ್ ನಗರದಲ್ಲಿ ಲಲಿತಕಲೆಯ ಶಿಕ್ಷಣ ಪಡೆದು 1982ರಲ್ಲಿ ಮುಗಿಸಿದರು. ಮರುವರ್ಷ ಪತ್ರಿಕಾ ಛಾಯಾಗ್ರಾಹಕರಾಗಿ ನ್ಯೂಯಾರ್ಕಿಗೆ ಬಂದರು. ಚಲಿಸುವ ಚಿತ್ರದತ್ತ ಮನಸ್ಸು ಹೊರಳಿದ್ದು ಅಲ್ಲಿ. ಕಪ್ಪು-ಬಿಳುಪಿನಲ್ಲಿ ತೆಗೆದ ‘ಸ್ಪಡ್’ ಎಂಬ ಪ್ರಾಯೋಗಿಕ ಕಿರುಚಿತ್ರಕ್ಕೆ ಐರ್ಲೆಂಡಿನ ಕಾರ್ಕ್ ಚಿತ್ರೋತ್ಸವದಲ್ಲಿ ಉತ್ತಮ ಛಾಯಾಗ್ರಹಣದ ಪ್ರಶಸ್ತಿ ಬಂತು.

ಮೇಲುನೋಟಕ್ಕೆ ಇದು ದಾರಿ ಬದಲಿಸುತ್ತಲೇ ಇದ್ದ ಹುಡುಗನ ಕಥೆ. ಕಲೆ ಓದಿದ, ಅದನ್ನು ಬಿಟ್ಟು ಪತ್ರಿಕೆಗೆ ಬಂದ, ಅದನ್ನೂ ಬಿಟ್ಟು ಸಿನಿಮಾಕ್ಕೆ ಹೋದ. ‘ಎರಡು ದೋಣಿಯ ಮೇಲೆ ಕಾಲಿಡಬೇಡ’ ಎಂದು ಹಿರಿಯರು ಗದರುವುದು ಇಂಥ ಸಂದರ್ಭಗಳಲ್ಲೇ. ಆದರೆ ಈ ಮೂರು ಹಂತಗಳಲ್ಲಿ ಕೈಗೆ ಬಂದದ್ದೇನು? ಚಿತ್ರಕಲೆ ಚೌಕಟ್ಟಿನೊಳಗೆ ಏನನ್ನು ಎಲ್ಲಿಡಬೇಕೆಂದು ಕಲಿಸುತ್ತದೆ. ಪತ್ರಿಕಾ ಛಾಯಾಗ್ರಹಣ ಇದ್ದ ಬೆಳಕಿನಲ್ಲೇ, ಸಿಕ್ಕ ಕ್ಷಣದಲ್ಲೇ, ಮನುಷ್ಯನ ಮುಖವನ್ನು ಹಿಡಿಯುವುದನ್ನು ಕಲಿಸುತ್ತದೆ. ಇವೆರಡೂ ಮುಂದೆ ಅವರ ಸಿನಿಮಾಕ್ಕೆ ಬಂಡವಾಳವಾದವು. ದೋಣಿ ಬದಲಾದರೂ ಹುಟ್ಟುಹಾಕುವ ಕೈಗೆ ಬಲ ಬರುತ್ತಲೇ ಇತ್ತು.

ಇಪ್ಪತ್ತು ತಿಂಗಳು, ಏಳು ಚಿತ್ರ

ಕಸಾವೆಟಿಸ್ ಅವರಿಂದ ಕರೆ ಬಂದಾಗ ಪಾಪಾಮೈಕಲ್ ಲಾಸ್ ಏಂಜಲೀಸ್‌ಗೆ ಹೊರಟರು. ನೆಂಟಸ್ತನದ ಈ ಅನುಕೂಲವನ್ನು ಮುಚ್ಚಿಡಬೇಕಾಗಿಲ್ಲ. ಎಲ್ಲ ಹುಡುಗರಿಗೂ ಅಂಥ ಬಂಧುಗಳಿರುವುದಿಲ್ಲ. ಆದರೆ ಆ ಕರೆ ಅವರನ್ನು ಊರಿಗೆ ತಂದಿತೇ ಹೊರತು ದೊಡ್ಡ ಚಿತ್ರಗಳ ಬಾಗಿಲು ತೆರೆಯಲಿಲ್ಲ. ಅವರು ಸೇರಿದ್ದು ರೋಜರ್ ಕಾರ್ಮನ್ ಎಂಬ ನಿರ್ಮಾಪಕರ ಗರಡಿಯನ್ನು.

2024ರಲ್ಲಿ ತೀರಿಕೊಂಡ ಕಾರ್ಮನ್ ಅಮೆರಿಕದ ಚಿತ್ರರಂಗದಲ್ಲಿ ದಂತಕಥೆಯಾದವರು. ಭೂತ, ರಾಕ್ಷಸ, ಕೊಲೆ, ಇಂಥ ವಸ್ತುಗಳ ಅಗ್ಗದ ಚಿತ್ರಗಳನ್ನು ಕೆಲವೇ ವಾರಗಳಲ್ಲಿ ಮುಗಿಸಿ ಮಾರುಕಟ್ಟೆಗೆ ಬಿಡುವುದು ಅವರ ಪದ್ಧತಿ. ಸಂಬಳ ಕಡಿಮೆ, ದುಡಿಮೆ ವಿಪರೀತ. ಆದರೆ ಬೇರೆ ಯಾರೂ ನಂಬದ ಹೊಸಬರ ಕೈಗೆ ಕೆಲಸ ಕೊಡುತ್ತಿದ್ದರು. ಫ್ರಾನ್ಸಿಸ್ ಫೋರ್ಡ್ ಕೊಪ್ಪೊಲ, ಮಾರ್ಟಿನ್ ಸ್ಕಾರ್ಸೆಸಿ, ಜೇಮ್ಸ್ ಕ್ಯಾಮರಾನ್ ಅವರಂಥ ನಿರ್ದೇಶಕರೂ ಇಲ್ಲಿ ದುಡಿದು ಹೋದವರೇ.

ಪಾಪಾಮೈಕಲ್ ಇಲ್ಲಿ ಇಪ್ಪತ್ತು ತಿಂಗಳಲ್ಲಿ ಏಳು ಕಥಾಚಿತ್ರಗಳನ್ನು ಚಿತ್ರೀಕರಿಸಿದರು. ಸರಾಸರಿ ಮೂರು ತಿಂಗಳಿಗೊಂದಕ್ಕಿಂತ ಹೆಚ್ಚು. ಈ ಚಿತ್ರಗಳಲ್ಲಿ ಬಹುಪಾಲನ್ನು ಜನ ಮರೆತಿದ್ದಾರೆ. ಕಲೆ ಓದಿ, ಉತ್ಸವದಲ್ಲಿ ಪ್ರಶಸ್ತಿ ಪಡೆದವನಿಗೆ ಇಂಥ ಕೆಲಸವೇ ಎಂದು ಮೂಗು ಮುರಿಯುವವರಿದ್ದಿರಬಹುದು. ಆದರೆ ಇಲ್ಲಿ ಸಿಗುವ ಪಾಠ ಬೇರೆಡೆ ಸಿಗುವುದಲ್ಲ. ಹತ್ತು ದೀಪ ಬೇಕಾದ ಕಡೆ ಎರಡೇ ದೀಪವಿದ್ದರೆ ಏನು ಮಾಡಬೇಕು? ಸೂರ್ಯ ಮುಳುಗಲು ಅರ್ಧ ಗಂಟೆ ಇರುವಾಗ ಇನ್ನೂ ನಾಲ್ಕು ದೃಶ್ಯ ಉಳಿದಿದ್ದರೆ ಯಾವುದನ್ನು ಬಿಡಬೇಕು? ತಪ್ಪು ಮಾಡಿದರೆ ತಿದ್ದಿಕೊಳ್ಳಲು ಮುಂದಿನ ತಿಂಗಳೇ ಮತ್ತೊಂದು ಚಿತ್ರ ಕಾದಿರುತ್ತಿತ್ತು. ವೈದ್ಯ ವಿದ್ಯಾರ್ಥಿ ಸರ್ಕಾರಿ ಆಸ್ಪತ್ರೆಯ ಜನಜಂಗುಳಿಯಲ್ಲಿ ಕಲಿಯುವಂತೆ, ಅವರು ಕೈಯಿಂದ ಮಾಡಿ ಕಲಿತರು.

ಅದೇ ಕಾಲದಲ್ಲಿ ಕಾರ್ಮನ್ ಗರಡಿಯಲ್ಲಿ ದೀಪ ಹೊತ್ತು, ತಂತಿ ಎಳೆದು ದುಡಿಯುತ್ತಿದ್ದ ಇತರ ಯುವಕರ ಹೆಸರು ಕೇಳಿದರೆ ಆಶ್ಚರ್ಯವಾಗುತ್ತದೆ. ಯಾನುಷ್ ಕಮಿನ್ಸ್‌ಕಿ, ವಾಲಿ ಫಿಸ್ಟರ್, ಮೌರೊ ಫಿಯೋರೆ. ಕಮಿನ್ಸ್‌ಕಿ ‘ಷಿಂಡ್ಲರ್ಸ್ ಲಿಸ್ಟ್’ (1993) ಮತ್ತು ‘ಸೇವಿಂಗ್ ಪ್ರೈವೇಟ್ ರಯಾನ್’ (1998) ಚಿತ್ರಗಳಿಗೆ ಎರಡು ಬಾರಿ ಆಸ್ಕರ್ ಪಡೆದರು. ಫಿಯೋರೆ ‘ಅವತಾರ್’ (2009) ಚಿತ್ರಕ್ಕೆ, ಫಿಸ್ಟರ್ ‘ಇನ್ಸೆಪ್ಷನ್’ (2010) ಚಿತ್ರಕ್ಕೆ ಅದೇ ಪ್ರಶಸ್ತಿ ಪಡೆದರು.

ಪಾಪಾಮೈಕಲ್? ಅವರಿಗೆ ಎರಡು ಬಾರಿ ನಾಮಕರಣ ದೊರೆಯಿತು, ಎರಡು ಬಾರಿಯೂ ಪ್ರಶಸ್ತಿ ಬೇರೆಯವರ ಪಾಲಾಯಿತು. ಒಂದೇ ಅಂಗಳದಲ್ಲಿ ಆಡಿದ ನಾಲ್ವರಲ್ಲಿ ಮೂವರು ಪದಕ ಗೆದ್ದು ಒಬ್ಬರು ಗೆಲ್ಲದಿದ್ದರೆ ಜನ ಆ ಒಬ್ಬರನ್ನು ಹಿಂದೆ ಬಿದ್ದವರೆಂದು ಎಣಿಸುತ್ತಾರೆ. ಅಂಕಪಟ್ಟಿಯ ಲೆಕ್ಕ ಹಾಗೇ ಇರುತ್ತದೆ. ಕೆಲಸದ ಲೆಕ್ಕ ಹಾಗಿರುವುದಿಲ್ಲ ಎಂಬುದಕ್ಕೆ ಅವರ ಮುಂದಿನ ವರ್ಷಗಳೇ ಸಾಕ್ಷಿ.

ನಗೆಚಿತ್ರಗಳ ಕಾಲ

1990ರ ದಶಕದ ಬಹುಭಾಗವನ್ನು ಅವರು ಕಳೆದದ್ದು ಜನಪ್ರಿಯ ಚಿತ್ರಗಳಲ್ಲಿ. ನಿರ್ದೇಶಕ ಜಾನ್ ಟರ್ಟಲ್‌ಟಾಬ್ ಅವರೊಂದಿಗೆ ‘ಕೂಲ್ ರನ್ನಿಂಗ್ಸ್’, ‘ವೈಲ್ ಯು ವರ್ ಸ್ಲೀಪಿಂಗ್’ (1995), ‘ಫಿನಾಮಿನನ್’ (1996). ಒಂದು ಪುಟ್ಟ ಇಲಿ ಇಬ್ಬರು ಅಣ್ಣ ತಮ್ಮಂದಿರನ್ನು ಹೈರಾಣ ಮಾಡುವ ‘ಮೌಸ್ ಹಂಟ್’ (1997) ಕೂಡ ಅವರದೇ. ಇಲಿಯ ಎತ್ತರದಿಂದ ಮನೆಯನ್ನು ತೋರಿಸಬೇಕು. ಕುರ್ಚಿಯ ಕಾಲು ಕಂಬದಂತೆ, ನೆಲದ ಬಿರುಕು ಕಣಿವೆಯಂತೆ ಕಾಣಬೇಕು. ಇದು ಸಣ್ಣ ಕೆಲಸವೇನಲ್ಲ.

ನಗೆಚಿತ್ರದ ಛಾಯಾಗ್ರಹಣಕ್ಕೆ ಪ್ರಶಸ್ತಿ ಬರುವುದು ಅಪರೂಪ. ಬೆಳಕು ತನ್ನತ್ತ ಗಮನ ಸೆಳೆದರೆ ನಗು ಕೆಡುತ್ತದೆ. ಅಲ್ಲಿ ಛಾಯಾಗ್ರಾಹಕ ತನ್ನ ಪಾಂಡಿತ್ಯವನ್ನು ಬದಿಗಿಟ್ಟು, ನಟನ ಮುಖದ ಸಣ್ಣ ಚಲನೆಯೂ ಪ್ರೇಕ್ಷಕನಿಗೆ ತಲುಪುವಂತೆ ನೋಡಿಕೊಳ್ಳಬೇಕು. ಕಾಣದಂತೆ ದುಡಿಯುವ ಈ ಅಭ್ಯಾಸ ಅವರಿಗೆ ಮುಂದೆ ಬಹಳ ಉಪಯೋಗಕ್ಕೆ ಬಂತು.

ಇದೇ ಅವಧಿಯಲ್ಲಿ ಬೇರೆ ಬಗೆಯ ಚಿತ್ರಗಳ ಸಂಬಂಧವನ್ನೂ ಅವರು ಕಡಿದುಕೊಳ್ಳಲಿಲ್ಲ. ಜಾನ್ ಕಸಾವೆಟಿಸ್ ಅವರ ಮಗ ನಿಕ್ ನಿರ್ದೇಶಿಸಿದ ‘ಅನ್‌ಹುಕ್ ದ ಸ್ಟಾರ್ಸ್’ (1996) ಚಿತ್ರಕ್ಕೆ ಕ್ಯಾಮೆರಾ ಹಿಡಿದರು. ಜರ್ಮನಿಯ ಹೆಸರಾಂತ ನಿರ್ದೇಶಕ ವಿಮ್ ವೆಂಡರ್ಸ್ ಅವರ ‘ದ ಮಿಲಿಯನ್ ಡಾಲರ್ ಹೋಟೆಲ್’ ಚಿತ್ರವನ್ನು ಲಾಸ್ ಏಂಜಲೀಸ್‌ನ ಹಳೆಯ ಪೇಟೆಯಲ್ಲಿ ಚಿತ್ರೀಕರಿಸಿದರು. 2000ದ ಬರ್ಲಿನ್ ಚಿತ್ರೋತ್ಸವದಲ್ಲಿ ಅದಕ್ಕೆ ಬೆಳ್ಳಿ ಕರಡಿ ಪ್ರಶಸ್ತಿ ಬಂತು.

ಇಬ್ಬರು ನಿರ್ದೇಶಕರು, ಎರಡು ಮನೋಧರ್ಮ

ನಲವತ್ತು ದಾಟಿದ ಮೇಲೆ ಪಾಪಾಮೈಕಲ್ ಅವರಿಗೆ ಇಬ್ಬರು ನಿರ್ದೇಶಕರ ಸ್ನೇಹ ದೊರೆಯಿತು. ಅವರ ವೃತ್ತಿಯ ಉತ್ತಮ ಭಾಗ ಇಲ್ಲಿಂದ ಆರಂಭವಾಗುತ್ತದೆ.

ಒಬ್ಬರು ಜೇಮ್ಸ್ ಮ್ಯಾಂಗೋಲ್ಡ್. ದೊಡ್ಡ ಹರಹಿನ, ಬಿಗಿಯಾದ ಕಥೆಗಳ ನಿರ್ದೇಶಕ. ಅವರ ಮೊದಲ ಜತೆಯ ಚಿತ್ರ ‘ಐಡೆಂಟಿಟಿ’ (2003). ಬಿರುಮಳೆಯ ಒಂದು ರಾತ್ರಿ ಹೆದ್ದಾರಿಯ ಪಕ್ಕದ ವಸತಿಗೃಹದಲ್ಲಿ ಸಿಕ್ಕಿಕೊಂಡವರ ಕಥೆ. ಮೇಲೆ ಹೇಳಿದ ಮಳೆಯ ಬೆಳಕಿನ ಪಾಠ ಇಲ್ಲಿ ಇಡೀ ಚಿತ್ರಕ್ಕೇ ಆಧಾರ. ಮುಂದೆ ಗಾಯಕ ಜಾನಿ ಕ್ಯಾಷ್ ಜೀವನವನ್ನು ಹೇಳುವ ‘ವಾಕ್ ದ ಲೈನ್’ (2005) ಬಂತು. ಅಲ್ಲಿ ಕ್ಯಾಮೆರಾ ಸಭಿಕರ ಸಾಲಿನಲ್ಲಿ ಕೂರದೆ ವೇದಿಕೆಯೇರಿ ಗಾಯಕನ ಪಕ್ಕದಲ್ಲಿ ನಿಲ್ಲುತ್ತದೆ. ಕಣ್ಣಿಗೆ ಹೊಡೆಯುವ ದೀಪಗಳ ಆಚೆ ಕತ್ತಲಲ್ಲಿ ಕುಳಿತ ಜನರನ್ನು ಗಾಯಕ ಹೇಗೆ ಕಾಣುತ್ತಾನೋ ಪ್ರೇಕ್ಷಕನೂ ಹಾಗೆ ಕಾಣುತ್ತಾನೆ.

‘3:10 ಟು ಯೂಮಾ’ (2007) ಬರಗಾಲದ ನಾಡಿನಲ್ಲಿ ನಡೆಯುವ ಕುದುರೆ ಸವಾರರ ಕಥೆ. ನ್ಯೂ ಮೆಕ್ಸಿಕೊದಲ್ಲಿ ಚಿತ್ರೀಕರಣ ನಡೆಯುತ್ತಿದ್ದಾಗ ಎಣಿಸದಷ್ಟು ಹಿಮ ಬಿತ್ತು. ಬರದ ಕಥೆಯಲ್ಲಿ ಹಿಮ ಕಂಡರೆ ಆದೀತೇ? ಲಾರಿಗಟ್ಟಲೆ ಒಣ ಮಣ್ಣು ತಂದು ಸುರಿದು ಕೆಲಸ ಮುಂದುವರಿಸಬೇಕಾಯಿತು. ಹಿಮ, ಮಣ್ಣು, ಅಡಿಗಡಿಗೂ ಬದಲಾಗುವ ಆಕಾಶ. ಇವೆಲ್ಲದರ ನಡುವೆ ಒಂದೇ ದಿನದ ಬಿಸಿಲೆಂದು ತೋರುವಂತೆ ದೃಶ್ಯಗಳನ್ನು ಹೊಂದಿಸುವುದು ಛಾಯಾಗ್ರಾಹಕರ ಹೊಣೆ.

ಇನ್ನೊಬ್ಬರು ಅಲೆಕ್ಸಾಂಡರ್ ಪೇನ್. ಅಮೆರಿಕದ ನೆಬ್ರಾಸ್ಕಾ ರಾಜ್ಯದ ಒಮಾಹಾದಲ್ಲಿ ಹುಟ್ಟಿದ ಇವರ ಮನೆತನವೂ ಗ್ರೀಕ್ ಮೂಲದ್ದೇ. ಸಾಮಾನ್ಯ ಜನರ ಸಣ್ಣ ಸೋಲುಗಳನ್ನು ನಗುತ್ತಲೇ, ಮರುಗುತ್ತಲೇ ಹೇಳುವುದು ಇವರ ರೀತಿ. ಜತೆಯ ಮೊದಲ ಚಿತ್ರ ‘ಸೈಡ್‌ವೇಸ್’ (2004). ಕ್ಯಾಲಿಫೋರ್ನಿಯಾದ ದ್ರಾಕ್ಷಿ ತೋಟಗಳ ನಾಡಿನಲ್ಲಿ ಇಬ್ಬರು ಗೆಳೆಯರು ಒಂದು ವಾರ ಸುತ್ತುವ ಕಥೆ. ತೋಟಗಳನ್ನು ಪ್ರವಾಸಿ ಇಲಾಖೆಯ ಕ್ಯಾಲೆಂಡರಿನಂತೆ ತೋರಿಸಬಹುದಿತ್ತು. ಪಾಪಾಮೈಕಲ್ ಹಾಗೆ ಮಾಡಲಿಲ್ಲ. 1970ರ ದಶಕದ ಅಮೆರಿಕನ್ ಚಿತ್ರಗಳನ್ನು ನೆನಪಿಸುವ, ತುಸು ಮಾಸಿದ ಮೃದು ಬಣ್ಣಗಳನ್ನು ಆರಿಸಿಕೊಂಡರು. ವಯಸ್ಸು ಜಾರುತ್ತಿರುವ ಇಬ್ಬರು ಗಂಡಸರ ಮನಸ್ಸಿಗೆ ಆ ಬಣ್ಣವೇ ಒಪ್ಪುವಂಥದು. ಹವಾಯಿ ದ್ವೀಪಗಳ ಕಥೆಯಾದ ‘ದ ಡಿಸೆಂಡೆಂಟ್ಸ್’ (2011) ಚಿತ್ರದಲ್ಲೂ ಅಷ್ಟೇ. ನೀಲಿ ಕಡಲು, ತೆಂಗಿನ ಸಾಲಿಗಿಂತ ಮೋಡ ಕವಿದ ಆಕಾಶ, ದಿನನಿತ್ಯದ ಬೀದಿಗಳೇ ಹೆಚ್ಚು. ಸಾವಿನ ಮನೆಯ ದುಃಖ ಸುಂದರ ದ್ವೀಪದಲ್ಲೂ ದುಃಖವೇ ತಾನೆ?

ಬಣ್ಣ ಬಿಟ್ಟ ಚಿತ್ರ

ಪೇನ್ ಜತೆ ಮಾಡಿದ ಮೂರನೆಯ ಚಿತ್ರವೇ ‘ನೆಬ್ರಾಸ್ಕಾ’. ಇದರ ಕಥೆ ಸರಳ. ಮಾಂಟಾನಾ ರಾಜ್ಯದ ಬಿಲಿಂಗ್ಸ್ ಊರಿನ ಮುದುಕನೊಬ್ಬನಿಗೆ ಬಹುಮಾನ ಬಂದಿದೆ ಎಂಬ ಕಾಗದ ಬರುತ್ತದೆ. ಅದು ಮಾರಾಟಗಾರರ ಆಮಿಷ ಎಂದು ಎಲ್ಲರಿಗೂ ಗೊತ್ತು, ಅವನೊಬ್ಬ ಮಾತ್ರ ನಂಬುತ್ತಾನೆ. ದುಡ್ಡು ತರಲು ನೆಬ್ರಾಸ್ಕಾದ ಲಿಂಕನ್ ನಗರಕ್ಕೆ ನಡೆದೇ ಹೊರಡುತ್ತಾನೆ. ಕೊನೆಗೆ ಮಗ ಕಾರಿನಲ್ಲಿ ಕರೆದೊಯ್ಯುತ್ತಾನೆ.

ಇದನ್ನು ಕಪ್ಪು-ಬಿಳುಪಿನಲ್ಲಿ ತೆಗೆಯಬೇಕೆಂಬುದು ಪೇನ್ ಹಟ. ಹಣ ಹಾಕುವ ಸ್ಟುಡಿಯೋದವರಿಗೆ ಅಳುಕು. ಬಣ್ಣವಿಲ್ಲದ ಚಿತ್ರವನ್ನು ಇಂದು ಯಾರು ಕೊಳ್ಳುತ್ತಾರೆ? ಕಪ್ಪು-ಬಿಳುಪಿನ ಫಿಲ್ಮ್ ಹಾಕಿ ಚಿತ್ರೀಕರಿಸಿದರೆ ಮುಂದೆ ಬಣ್ಣದ ಪ್ರತಿ ಬೇಕೆಂದಾಗ ಒದಗಿಸಲು ದಾರಿಯಿಲ್ಲ. ಆದ್ದರಿಂದ ಚಿತ್ರೀಕರಣವನ್ನು ಡಿಜಿಟಲ್ ಕ್ಯಾಮೆರಾದಲ್ಲಿ ಬಣ್ಣದಲ್ಲೇ ನಡೆಸಿ, ಆಮೇಲೆ ಬಣ್ಣ ತೆಗೆಯುವುದೆಂದು ತೀರ್ಮಾನವಾಯಿತು.

ಟೆಲಿವಿಷನ್ ಪೆಟ್ಟಿಗೆಯಲ್ಲಿ ಬಣ್ಣದ ಗುಂಡಿಯನ್ನು ತಿರುಗಿಸಿ ಆರಿಸಿದಂತೆಯೇ ಇದು ಎಂದು ತಿಳಿಯಬಾರದು. ಕೆಂಪು ಅಂಗಿ ತೊಟ್ಟವನು ಹಸಿರು ಗೋಡೆಯ ಮುಂದೆ ನಿಂತರೆ ಬಣ್ಣದಲ್ಲಿ ಎದ್ದು ಕಾಣುತ್ತಾನೆ. ಬಣ್ಣ ತೆಗೆದರೆ ಕೆಂಪೂ ಹಸಿರೂ ಒಂದೇ ಬೂದಿಯಾಗಿ ಅವನು ಗೋಡೆಯಲ್ಲಿ ಕರಗಿ ಹೋಗಬಹುದು. ಹಾಗಾಗಿ ಅವನನ್ನು ಗೋಡೆಯಿಂದ ಬೇರ್ಪಡಿಸಬೇಕಾದದ್ದು ಬೆಳಕು. ಬಟ್ಟೆ, ಗೋಡೆ, ಆಕಾಶ, ಮುಖ, ಪ್ರತಿಯೊಂದೂ ಯಾವ ಬೂದಿಯಾಗುತ್ತದೆ ಎಂದು ಮೊದಲೇ ಕಲ್ಪಿಸಿಕೊಂಡು ದೀಪ ಇಡಬೇಕು. ಹಳೆಯ ಕಪ್ಪು-ಬಿಳುಪು ಫಿಲ್ಮ್‌ಗೆ ಒಂದು ಬಗೆಯ ಮರಳು ಮರಳಾದ ಮೈ ಇರುತ್ತದೆ. ಡಿಜಿಟಲ್ ಚಿತ್ರ ಗಾಜಿನಂತೆ ನುಣುಪು. ಪಾಪಾಮೈಕಲ್ ಮತ್ತು ಅವರ ತಂಡ ಪರೀಕ್ಷೆ ನಡೆಸಿ, ಫಿಲ್ಮಿನ ಆ ಮರಳುತನವನ್ನು ಡಿಜಿಟಲ್ ಚಿತ್ರದ ಮೇಲೆ ಸೇರಿಸಿದರು.

ಫಲವೇನಾಯಿತು? ಬಯಲು ಸೀಮೆಯ ಖಾಲಿ ರಸ್ತೆಗಳು, ಮುಚ್ಚಿದ ಅಂಗಡಿಗಳು, ಮುದುಕನ ಮುಖದ ಒಂದೊಂದು ಸುಕ್ಕೂ ಒಂದೇ ಕಥೆಯನ್ನು ಹೇಳುವಂತಾಯಿತು. ಮುದುಕನ ಪಾತ್ರ ವಹಿಸಿದ ಬ್ರೂಸ್ ಡರ್ನ್ 2013ರ ಕಾನ್ ಚಿತ್ರೋತ್ಸವದಲ್ಲಿ ಶ್ರೇಷ್ಠ ನಟ ಎನಿಸಿಕೊಂಡರು. ಚಿತ್ರಕ್ಕೆ ಆರು ಆಸ್ಕರ್ ನಾಮಕರಣಗಳು ಬಂದವು. ಅದರಲ್ಲೊಂದು ಪಾಪಾಮೈಕಲ್ ಅವರದು. ಆ ವರ್ಷದ ಪ್ರಶಸ್ತಿ ಬಾಹ್ಯಾಕಾಶದ ಕಥೆಯಾದ ‘ಗ್ರಾವಿಟಿ’ಗೆ ಹೋಯಿತು.

ವೇಗ ಮತ್ತು ನ್ಯಾಯಾಲಯ

‘ನೆಬ್ರಾಸ್ಕಾ’ದ ಯಶಸ್ಸಿನ ನಂತರ ಅದೇ ಧಾಟಿಯಲ್ಲಿ ಮುಂದುವರಿಯುವುದು ಸುಲಭವಿತ್ತು. ಮೌನ ಚಿತ್ರಗಳ ಛಾಯಾಗ್ರಾಹಕ ಎಂಬ ಹೆಸರು ನಿಲ್ಲುತ್ತಿತ್ತು. ಅವರು ಮತ್ತೆ ಮ್ಯಾಂಗೋಲ್ಡ್ ಜತೆ ಸೇರಿ ಮಾಡಿದ್ದು ‘ಫೋರ್ಡ್ ವರ್ಸಸ್ ಫೆರಾರಿ’. ಫ್ರಾನ್ಸಿನ ಲ ಮಾನ್ ಊರಿನಲ್ಲಿ 1966ರಲ್ಲಿ ನಡೆದ 24 ಗಂಟೆಗಳ ಕಾರು ಪಂದ್ಯ ಇದರ ತುತ್ತತುದಿ.

ಓಡುವ ಕಾರನ್ನು ದೂರದಿಂದ ನೋಡಿದರೆ ಅದು ತೆವಳುವಂತೆ ತೋರುತ್ತದೆ. ರೈಲಿನ ಕಿಟಕಿಯಲ್ಲಿ ಕುಳಿತವರಿಗೆ ಇದು ಗೊತ್ತು: ದೂರದ ಗುಡ್ಡ ನಿಧಾನ, ಹತ್ತಿರದ ಕಂಬ ಮಿಂಚು. ಆದ್ದರಿಂದ ಕ್ಯಾಮೆರಾವನ್ನು ನೆಲಕ್ಕೆ ತಾಗುವಷ್ಟು ಕೆಳಗೆ, ಚಕ್ರಕ್ಕೆ ತಾಗುವಷ್ಟು ಹತ್ತಿರ ಒಯ್ಯಬೇಕು. ಇನ್ನೊಂದು ಕಷ್ಟವೂ ಇತ್ತು. ತೆರೆಯ ಮೇಲೆ ಪಂದ್ಯ ನಡೆಯುವುದು ಒಂದು ಹಗಲು, ಒಂದು ರಾತ್ರಿ. ಚಿತ್ರೀಕರಣ ನಡೆದದ್ದು ಕ್ಯಾಲಿಫೋರ್ನಿಯಾ, ಜಾರ್ಜಿಯಾ ಎಂದು ಸಾವಿರಾರು ಕಿಲೋಮೀಟರ್ ದೂರದ ಹಲವು ಕಡೆ. ಸಂಜೆ, ಮಳೆ, ಕತ್ತಲು, ಬೆಳಗು ಒಂದರ ಹಿಂದೊಂದು ಕ್ರಮವಾಗಿ ಬಂದಂತೆ ಕಾಣಬೇಕು. ಕಾರ್ಮನ್ ಗರಡಿಯಲ್ಲಿ ಸೂರ್ಯನನ್ನು ಬೆನ್ನಟ್ಟಿದ ಅನುಭವ ಇಲ್ಲಿ ದೊಡ್ಡ ಪ್ರಮಾಣದಲ್ಲಿ ಕೆಲಸಕ್ಕೆ ಬಂತು. ಸಂಕಲನಕ್ಕೂ ಧ್ವನಿ ಸಂಕಲನಕ್ಕೂ ಚಿತ್ರ ಆಸ್ಕರ್ ಗೆದ್ದಿತು.

ಮರುವರ್ಷ, 2020ರಲ್ಲಿ, ಆರನ್ ಸಾರ್ಕಿನ್ ನಿರ್ದೇಶನದ ‘ದ ಟ್ರಯಲ್ ಆಫ್ ದ ಚಿಕಾಗೊ 7’ ಬಂತು. 1968ರ ಆಗಸ್ಟ್‌ನಲ್ಲಿ ಚಿಕಾಗೊ ನಗರದಲ್ಲಿ ವಿಯೆಟ್ನಾಂ ಯುದ್ಧದ ವಿರುದ್ಧ ಪ್ರತಿಭಟಿಸಿದವರ ಮೇಲೆ ನಡೆದ ಮೊಕದ್ದಮೆಯ ಕಥೆ. ಮಾತೇ ಪ್ರಧಾನವಾದ ಚಿತ್ರ. ಹೆಚ್ಚಿನ ಭಾಗ ಒಂದೇ ನ್ಯಾಯಾಲಯದ ಕೊಠಡಿಯೊಳಗೆ. ಓಡುವ ಕಾರಿನಿಂದ ಕೂತು ವಾದಿಸುವ ಜನರತ್ತ ಬಂದ ಛಾಯಾಗ್ರಾಹಕರು ಇಲ್ಲಿ ಗಮನಿಸಬೇಕಾದದ್ದು ಯಾರು ಮಾತಾಡುತ್ತಿದ್ದಾರೆ ಎಂಬುದಷ್ಟೇ ಅಲ್ಲ, ಯಾರು ಸುಮ್ಮನೆ ಕೇಳುತ್ತಿದ್ದಾರೆ ಎಂಬುದನ್ನೂ. ಈ ಚಿತ್ರ ಅವರಿಗೆ ಎರಡನೆಯ ಆಸ್ಕರ್ ನಾಮಕರಣ ತಂದಿತು. 2021ರಲ್ಲಿ ಪ್ರಶಸ್ತಿ ಗೆದ್ದದ್ದು ‘ಮ್ಯಾಂಕ್’. ಅದೂ ಡಿಜಿಟಲ್ ಕ್ಯಾಮೆರಾದಲ್ಲಿ ತೆಗೆದ ಕಪ್ಪು-ಬಿಳುಪು ಚಿತ್ರವೇ!

ಪ್ರಶಸ್ತಿ ಬರಲಿಲ್ಲವೆಂದು ಕೆಲಸ ನಿಲ್ಲಲಿಲ್ಲ. 2023ರಲ್ಲಿ ಮ್ಯಾಂಗೋಲ್ಡ್ ಅವರ ‘ಇಂಡಿಯಾನಾ ಜೋನ್ಸ್’ ಸಾಹಸಚಿತ್ರ, 2024ರಲ್ಲಿ ಗಾಯಕ ಬಾಬ್ ಡಿಲನ್ ಅವರ ಯೌವನದ ಕಥೆ ‘ಎ ಕಂಪ್ಲೀಟ್ ಅನ್‌ನೋನ್’. ಇದರೊಂದಿಗೆ ಮ್ಯಾಂಗೋಲ್ಡ್ ಜತೆ ಮಾಡಿದ ಚಿತ್ರಗಳ ಸಂಖ್ಯೆ ಏಳಕ್ಕೇರಿತು. ಪೇನ್ ಜತೆ ನಾಲ್ಕು. ಒಮ್ಮೆ ಕರೆದ ನಿರ್ದೇಶಕರು ಮತ್ತೆ ಮತ್ತೆ ಕರೆಯುವುದಕ್ಕಿಂತ ದೊಡ್ಡ ಪ್ರಮಾಣಪತ್ರ ಈ ಕಸುಬಿನಲ್ಲಿ ಇಲ್ಲ. ನಡುನಡುವೆ ತಾವೇ ನಿರ್ದೇಶಕರೂ ಆದರು. ‘ಆರ್ಕೇಡಿಯಾ ಲಾಸ್ಟ್’ (2010) ಎಂಬ ಚಿತ್ರಕ್ಕಾಗಿ ಹುಟ್ಟಿದ ಗ್ರೀಸ್ ನಾಡಿಗೇ ಕ್ಯಾಮೆರಾ ಹೊತ್ತು ಹೋದರು.

ಹಲವರಲ್ಲಿ ಒಂದು

ಈಗ ಮೊದಲ ಪ್ರಶ್ನೆಗೆ ಬರಬಹುದು. ಕೆಲವು ಛಾಯಾಗ್ರಾಹಕರ ಒಂದು ದೃಶ್ಯ ಕಂಡರೆ ಸಾಕು, ಇದು ಇಂಥವರದು ಎಂದು ಬಲ್ಲವರು ಹೇಳುತ್ತಾರೆ. ಪಾಪಾಮೈಕಲ್ ಅವರ ಚಿತ್ರಗಳಲ್ಲಿ ಅಂಥ ಮುದ್ರೆ ಸುಲಭವಾಗಿ ಸಿಗುವುದಿಲ್ಲ. ಪ್ರಶಸ್ತಿಗಳು ತಪ್ಪಿದ್ದಕ್ಕೆ ಇದೂ ಒಂದು ಕಾರಣವಿರಬಹುದು. ಮುದ್ರೆಯಿರುವವರನ್ನು ಗುರುತಿಸುವುದು ಸುಲಭ.

ಆದರೆ ಅವರ ಕೆಲಸದಲ್ಲಿ ಬದಲಾಗದ ಅಂಶ ಒಂದಿದೆ. ಇಲಿಯ ಕಥೆಯಾಗಲಿ, ಮುದುಕನ ಕಥೆಯಾಗಲಿ, ಕಾರಿನ ಕಥೆಯಾಗಲಿ, ಅವರು ಮೊದಲು ಕೇಳಿಕೊಳ್ಳುವುದು ಈ ಕಥೆಗೆ ಎಂಥ ಬೆಳಕು ಬೇಕು ಎಂದು. ನನಗೆ ಎಂಥ ಬೆಳಕು ಇಷ್ಟ ಎಂದಲ್ಲ. ಚಿತ್ರದಿಂದ ಚಿತ್ರಕ್ಕೆ ಉತ್ತರ ಬೇರೆಯಾದದ್ದರಿಂದ ನೋಡುವವರಿಗೆ ಅದು ವೈವಿಧ್ಯವಾಗಿ ಕಂಡಿತು. ಅವರ ಮಟ್ಟಿಗೆ ಅದು ಒಂದೇ ಕಸುಬು. ಮೂವತ್ತೈದು ವರ್ಷ ಬಿಡದೆ ಹಿಡಿದದ್ದು.

ಮಕ್ಕಳು ಆಸಕ್ತಿ ಬದಲಿಸಿದಾಗ ಗಾಬರಿಯಾಗುವ ತಂದೆ ತಾಯಂದಿರು ಗಮನಿಸಬೇಕಾದದ್ದು ಇಲ್ಲಿದೆ. ಬದಲಾವಣೆಯಲ್ಲಿ ಎರಡು ಬಗೆ. ಒಂದು, ಕಷ್ಟ ಬಂದೊಡನೆ ಕೈಬಿಟ್ಟು ಓಡುವುದು. ಇನ್ನೊಂದು, ಕಲಿತದ್ದನ್ನು ಹೊತ್ತುಕೊಂಡೇ ಮುಂದಿನ ಬಾಗಿಲಿಗೆ ಹೋಗುವುದು. ಹೊರಗಿನಿಂದ ಎರಡೂ ಒಂದೇ ಥರ ಕಾಣುತ್ತವೆ. ಯಾವುದು ಯಾವುದೆಂದು ತಿಳಿಯಲು ‘ಏಕೆ ಬಿಟ್ಟೆ?’ ಎಂದು ಕೇಳಿದರೆ ಸಾಲದು, ‘ಅಲ್ಲಿಂದ ಏನು ತಂದೆ?’ ಎಂದೂ ಕೇಳಬೇಕು. ಮ್ಯೂನಿಕ್‌ನಿಂದ ಹೊರಟ ಯುವಕನ ಬಳಿ ಆ ಪ್ರಶ್ನೆಗೆ ಉತ್ತರವಿತ್ತು.

ವಿದ್ಯಾರ್ಥಿಗಳಿಗೆ ಇನ್ನೂ ಒಂದು ಮಾತು. ಸಣ್ಣ ಕೆಲಸ, ಹೆಸರು ಬಾರದ ಕೆಲಸ, ಅಗ್ಗದ ಕೆಲಸ ಎಂದು ದೂರ ಸರಿಯುವ ಮುನ್ನ ಇಪ್ಪತ್ತು ತಿಂಗಳಲ್ಲಿ ಏಳು ಚಿತ್ರ ಎಂಬ ಲೆಕ್ಕವನ್ನು ನೆನೆಯುವುದು ಒಳ್ಳೆಯದು. ಆ ಏಳು ಚಿತ್ರಗಳನ್ನು ಇಂದು ಹುಡುಕಿ ನೋಡುವವರು ಕಡಿಮೆ. ಅಲ್ಲಿ ಪಳಗಿದ ಕೈ ಮಾತ್ರ ‘ನೆಬ್ರಾಸ್ಕಾ’ದ ಆ ಖಾಲಿ ರಸ್ತೆಯ ಮೇಲೆ ಬೆಳಕಾಗಿ ಉಳಿದಿದೆ.